ಒಂದು ಗಂಟೆಯ ಕೆಲಸ

ಭಾನುವಾರ, ಹದಿನಾಲ್ಕನೇ ತಾರೀಖು

ಪ್ರೀತಿಯ ಪುಟ್ಟಿಗೆ,

ನಿನ್ನ ಮೂರು ಕಾಗದಗಳೂ ಬಂದಿವೆ. ಮೂರಕ್ಕೂ ಸೇರಿಸಿ ಒಂದೇ ಉತ್ತರ ಬರೆಯುತ್ತಿದ್ದೇನೆ, ಬೈದುಕೋ. ಫೋನ್ ಮಾಡಬಹುದಿತ್ತು. ಆದರೆ ಫೋನಿನಲ್ಲಿ ನೀನು ನಗುತ್ತೀಯ, ಆಮೇಲೆ ನಾನೂ ನಗಬೇಕಾಗುತ್ತದೆ. ಕಾಗದದಲ್ಲಿ ಆ ತಾಪತ್ರಯ ಇಲ್ಲ.

ಇಲ್ಲಿ ಎಲ್ಲರೂ ಕ್ಷೇಮ. ಅಮ್ಮನ ಮಂಡಿನೋವು ಹಾಗೇ ಇದೆ. ನಿನ್ನ ಸುದ್ದಿ ಹೇಳಲು ಮೂರು ಮಹಡಿ ಹತ್ತಿ ಇಳಿಯುವಾಗ ಮಾತ್ರ ನೋಯುವುದಿಲ್ಲವಂತೆ. ‘ನಮ್ಮ ಚಿಕ್ಕವಳು ಈಗ ಇಪ್ಪತ್ತು ಜನಕ್ಕೆ ಮೇಲೆ’ ಅಂತ ಮನೆಮನೆಗೂ ಸಾರಿ ಬರುತ್ತಾಳೆ. ದೊಡ್ಡವಳು ಏನು ಮಾಡ್ತಿದಾಳೆ ಅಂತ ಯಾರಾದರೂ ಕೇಳಿದರೆ, ‘ಅವಳು ಮನೇಲಿದಾಳೆ’ ಅನ್ನುತ್ತಾಳೆ, ಮನೆಯಲ್ಲಿ ಬೆಕ್ಕಿದೆ ಅನ್ನುವ ಹಾಗೆ.

ಹೊಸ ಫ್ಯಾಕ್ಟರಿಯ ಬಗ್ಗೆ ನೀನು ಬರೆದದ್ದನ್ನೆಲ್ಲ ಓದಿದೆ. ಕೋಣೆಗೆ ಎರಡು ಕಿಟಕಿ, ಸೂಜಿ ಮುರಿದರೆ ಮೆಷಿನ್ ತಾನೇ ನಿಲ್ಲುವುದು, ಎಲ್ಲಾ. ಮೇಲ್ವಿಚಾರಕಿಯ ನೀಲಿ ಕೋಟಿನ ಎಡತೋಳು ಬಿಗಿಯಾಗಿ ಕೈ ಮೇಲೆತ್ತಲು ಆಗುತ್ತಿಲ್ಲ, ದಪ್ಪಗಾಗಿದ್ದೇನೆ ಅಂತ ರಾತ್ರಿ ಊಟ ಬಿಟ್ಟಿದ್ದೇನೆ ಎಂದೂ ಬರೆದಿದ್ದೀಯ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಹೊಟ್ಟೆಕಿಚ್ಚು ಎಂದು ನೇರವಾಗಿ ಬರೆದುಬಿಡುತ್ತೇನೆ ಪುಟ್ಟೀ. ಬೇರೆ ಯಾವ ಒಳ್ಳೆಯ ಹೆಸರಿಟ್ಟರೂ ನಿನಗೆ ಗೊತ್ತಾಗದೆ ಇರುವುದಿಲ್ಲ. ಹಳೇ ಫ್ಯಾಕ್ಟರಿಗೆ ಬೀಗ ಬಿದ್ದ ದಿನ ಇಬ್ಬರೂ ಒಂದೇ ಬಾಗಿಲಿನಿಂದ ಹೊರಗೆ ಬಂದೆವು. ಹೊಸ ಫ್ಯಾಕ್ಟರಿಯವರು ಪರೀಕ್ಷೆಗೆ ಕರೆದಾಗ ಇಬ್ಬರೂ ಒಂದೇ ಬೆಂಚಿನ ಮೇಲೆ ಕೂತೆವು. ಹತ್ತು ಕಾಲರ್ ಕೊಟ್ಟರು. ನಾನು ಮುಗಿಸಿ ನೂಲು ಕತ್ತರಿಸುವಾಗ ನೀನು ಏಳನೆಯದನ್ನು ಬಿಚ್ಚುತ್ತಿದ್ದೆ. ಆ ಮೇಲ್ವಿಚಾರಕ ನನ್ನ ಕಾಲರನ್ನು ತಿರುಗಿಸಿ ಮುರುಗಿಸಿ ನೋಡಿ ಏನಂದ, ನೆನಪಿದೆಯಲ್ಲ? ‘ನಿಮ್ಮ ಕೈ ಚೆನ್ನಾಗಿದೆ, ವಯಸ್ಸು ಚೆನ್ನಾಗಿಲ್ಲ. ಮೂವತ್ತೈದರ ಒಳಗಿನವರನ್ನ ತಗೊಂಡ್ರೆ ಒಂದು ವರ್ಷ ಅರ್ಧ ಸಂಬಳ ಸರ್ಕಾರವೇ ಕೊಡುತ್ತೆ. ನಿಮಗೆ ಪೂರ್ತಿ ನಾವೇ ಕೊಡಬೇಕು.’ ನಿನಗೆ ಆಗ ಮೂವತ್ತನಾಲ್ಕು ವರ್ಷ ಎಂಟು ತಿಂಗಳು. ನನಗಿಂತ ನಾಲ್ಕು ವರ್ಷ ತಡವಾಗಿ ಹುಟ್ಟಿದ್ದು ಬಿಟ್ಟರೆ ನೀನು ಅಲ್ಲಿ ಹೆಚ್ಚಿಗೆ ಮಾಡಿದ್ದೇನು? ಬಾಬಿನ್‌ಗೆ ನೂಲು ಸುತ್ತುವುದನ್ನೂ ನಾನೇ ಹೇಳಿಕೊಟ್ಟಿದ್ದು.

ನನ್ನ ವಯಸ್ಸಿನವರಿಗೂ ಸರ್ಕಾರ ಒಂದು ದಾರಿ ಇಟ್ಟಿತ್ತು, ನಿನಗೆ ಹೇಳಿದ್ದೆ. ಆರು ತಿಂಗಳು ಒಂದೇ ಸಮನೆ ಕೆಲಸವಿಲ್ಲದವರಿಗೆ ಕಂಪ್ಯೂಟರ್ ಕಸೂತಿಯ ತರಬೇತಿ, ಮುಗಿದ ಮೇಲೆ ಖಾಯಂ ಕೆಲಸ. ಪ್ರತಿ ತಿಂಗಳು ಉದ್ಯೋಗ ಕಚೇರಿಗೆ ಹೋಗಿ ಇನ್ನೂ ಕೆಲಸವಿಲ್ಲ ಎಂದು ಬರೆಸಿ ಬರಬೇಕು. ನಾಲ್ಕು ಸಲ ಬರೆಸಿದ್ದೆ. ಐದನೆಯ ಸಲ ಹೋದಾಗ ನೀನು ಹೊಸ ಫ್ಯಾಕ್ಟರಿಯ ಊರಿಗೆ ಹೊರಟು ಎರಡು ದಿನವಾಗಿತ್ತು. ಕೌಂಟರಿನ ಕನ್ನಡಕದ ಹುಡುಗಿಯ ಬೆನ್ನ ಹಿಂದೆ, ಗೋಡೆಯ ಮೇಲೆ, ನೀನು. ನೀಲಿ ಕೋಟು ಹಾಕಿಕೊಂಡು, ಹೊರಡುವ ಹಿಂದಿನ ದಿನ ಕಚೇರಿಯವರು ತೆಗೆದ ಬಾಗಿಲಷ್ಟು ದೊಡ್ಡ ಫೋಟೋದಲ್ಲಿ ಹಲ್ಲು ಬಿಟ್ಟುಕೊಂಡು. ಕೆಳಗೆ ‘ಅವಕಾಶ ಸಿಕ್ಕಿತು, ಗೆದ್ದಳು’ ಎಂದು ಬರೆದಿದ್ದರು.

‘ಇವ್ರು ನಿಮ್ಮ ತಂಗಿ ಅಲ್ವಾ ಅಕ್ಕಾ? ಎಷ್ಟು ಚುರುಕು’ ಅಂದಳು ಹುಡುಗಿ. ಆಮೇಲೆ ಅರ್ಜಿ ತೆಗೆದು, ‘ಹೋದ ಏಳು ದಿನದಲ್ಲಿ ಒಂದು ಗಂಟೆಯಾದ್ರೂ ದುಡ್ಡಿಗೆ ಕೆಲಸ ಮಾಡಿದ್ರಾ? ಇಲ್ಲ ತಾನೆ?’ ಅಂತ ಕೇಳಿದಳು. ‘ಇಲ್ಲ’ ಅನ್ನುವ ಚೌಕದ ಮೇಲೆ ಆಗಲೇ ಪೆನ್ನು ಇಟ್ಟಾಗಿತ್ತು.

ನಾನು ನಿನ್ನ ಫೋಟೋ ನೋಡುತ್ತಾ ‘ಮಾಡಿದೀನಿ’ ಅಂದೆ.

‘ಯೋಚನೆ ಮಾಡಿ ಹೇಳಿ ಅಕ್ಕಾ.’

‘ಯೋಚನೆ ಏನು ಬಂತು? ನಿಮ್ಮ ಗೋಡೆ ಮೇಲಿರೋ ಕೋಟು ನಾನೇ ಹೊಲಿದಿದ್ದು. ಒಂದೂವರೆ ಗಂಟೆ ಹಿಡೀತು. ದುಡ್ಡು ಇಸ್ಕೊಂಡಿದೀನಿ.’

ಸುಳ್ಳಲ್ಲವಲ್ಲ. ಅವರು ಕೊಟ್ಟ ದೊಗಳೆ ಕೋಟನ್ನು ನಿನ್ನ ಮೈಗೆ ಸರಿಮಾಡಿಕೊಟ್ಟಾಗ, ಬೇಡ ಬೇಡ ಅಂದರೂ ‘ಬಿಟ್ಟಿ ಹೊಲಿಸ್ಕೊಂಡೆ ಅಂತ ಆಗೋದು ಬೇಡ ಅಕ್ಕಾ, ನಾನೀಗ ಸಂಬಳದವಳು’ ಅಂತ ನೋಟನ್ನು ಗುಂಡಿ ಡಬ್ಬಿಯಲ್ಲಿ ತುರುಕಿ ಹೋದೆ. ಅದಿನ್ನೂ ಅಲ್ಲೇ ಇದೆ. ಗುಂಡಿ ಬೇಕಾದಾಗ ಅದನ್ನು ಮುಟ್ಟದ ಹಾಗೆ ಬೆರಳು ಹಾಕುತ್ತೇನೆ.

ಹುಡುಗಿ ಪೆನ್ನು ಸರಿಸಿ ‘ಹೌದು’ ಅನ್ನುವ ಕಡೆ ಗುರುತು ಹಾಕಿದಳು. ಅಲ್ಲಿಗೆ ನಾನು ಉದ್ಯೋಗಸ್ಥೆ. ನಾಲ್ಕು ತಿಂಗಳು ಬರೆಸಿದ್ದು ನೀರುಪಾಲು. ಆರು ತಿಂಗಳನ್ನು ಮತ್ತೆ ಒಂದರಿಂದ ಎಣಿಸಬೇಕು. ತರಬೇತಿಯ ಪಟ್ಟಿ ಮೊನ್ನೆ ಶುಕ್ರವಾರ ಮುಚ್ಚಿತು, ಈ ವರ್ಷಕ್ಕೆ ಇನ್ನೊಂದಿಲ್ಲ. ಹಳೇ ಫ್ಯಾಕ್ಟರಿಯಲ್ಲಿ ನನ್ನ ಪಕ್ಕ ಕೂತು ಗುಂಡಿಯ ತೂತು ಹೊಲಿಯುತ್ತಿದ್ದ ಕಾಜಾದವಳಿಗೆ ಸೀಟು ಸಿಕ್ಕಿತು. ಅವಳ ಮೇಲೂ ಹೊಟ್ಟೆಕಿಚ್ಚಿದೆ, ಆದರೆ ನಿನ್ನ ಮೇಲಿನಷ್ಟಿಲ್ಲ.

ಈ ವಾರ ಟೀವಿ ನೋಡಿದೆಯಾ? ದೇಶದಲ್ಲಿ ನಿರುದ್ಯೋಗ ಇಳಿದಿದೆಯಂತೆ, ಮಂತ್ರಿಗಳು ನಕ್ಷೆಯ ಗೆರೆ ತೋರಿಸಿ ವಿವರಿಸಿದರು. ನಿನ್ನ ಭಾವ ಊಟ ಮಾಡುತ್ತಾ, ‘ನೋಡೇ, ಆ ಗೆರೆ ಇಳಿಯೋ ಕಡೆ ನೀನೂ ಒಂದು ಕೈ ಹಾಕಿದೀಯ’ ಅಂದರು. ನಗಿಸಲು ಹೇಳಿದ್ದೇ. ನಾನು ತಟ್ಟೆ ಎತ್ತಿಕೊಂಡು ಒಳಗೆ ಹೋದೆ. ಪಾಪ, ಅವರು ಆಮೇಲೆ ಪಾತ್ರೆಯನ್ನೆಲ್ಲ ತಾವೇ ತೊಳೆದರು.

ಅಮ್ಮನಿಗೆ ಇದ್ಯಾವುದನ್ನೂ ಹೇಳಿಲ್ಲ. ನೀನೂ ಹೇಳಬೇಡ. ನಮ್ಮ ಬೀದಿಯ ತುದಿಯಲ್ಲಿ ಪಾರ್ಸೆಲ್ ಗೋಡೌನ್ ಬಂದಿದೆ, ದಿನಗೂಲಿಗೆ ಜನ ಬೇಕಂತೆ. ನಾಳೆ ವಿಚಾರಿಸುತ್ತೇನೆ. ಡಬ್ಬಕ್ಕೆ ಟೇಪು ಅಂಟಿಸಲು ವಯಸ್ಸು ಕೇಳುವುದಿಲ್ಲವಂತೆ.

ನಿನ್ನ ಮೆಷಿನ್ ಕೆಡದಿರಲಿ, ಕೈಕೆಳಗಿನವರು ನಿನ್ನ ಮಾತು ಕೇಳಲಿ, ಒಂದು ವರ್ಷದ ಸರ್ಕಾರದ ದುಡ್ಡು ಮುಗಿದ ಮೇಲೂ ಅವರು ನಿನ್ನನ್ನು ಬಿಡದಿರಲಿ. ಇದನ್ನು ಹಲ್ಲು ಕಚ್ಚಿಕೊಂಡೇ ಬರೆದಿದ್ದೇನೆ, ಆದರೂ ಮನಸ್ಸಿನಿಂದಲೇ ಬರೆದಿದ್ದೇನೆ.

ನಿನ್ನ
ಅಕ್ಕ

ತಾ.ಕ.: ನೀನು ದಪ್ಪಗಾಗಿಲ್ಲ. ಎಡಗಡೆ ಕಂಕುಳಲ್ಲಿ ಅರ್ಧ ಇಂಚು ಬಿಗಿ ಮಾಡಿ ಹೊಲಿದವಳು ನಾನು. ಕೈ ತಪ್ಪಿ ಅಲ್ಲ, ಟೇಪು ಹಿಡಿದು ಅಳೆದೇ ಹೊಲಿದೆ. ಎಲ್ಲರೆದುರು ನೀನು ಕೈ ಎತ್ತಿದಾಗಲೆಲ್ಲ ಸ್ವಲ್ಪ ಹಿಡಿಯಲಿ ಅನ್ನಿಸಿತ್ತು. ನೀನು ಊಟ ಬಿಡುತ್ತೀಯ ಅಂತ ಹೊಳೆಯಲಿಲ್ಲ ಪುಟ್ಟೀ. ಒಳಗೆ ಮಡಿಸಿದ ಬಟ್ಟೆ ಕತ್ತರಿಸಿಲ್ಲ, ಹೊಲಿಗೆ ಬಿಚ್ಚಿದರೆ ಸರಿಹೋಗುತ್ತದೆ. ಮುಂದಿನ ಸಲ ಬರುವಾಗ ಕೋಟು ತಾ. ದುಡ್ಡು ಮಾತ್ರ ಕೊಡಬೇಡ, ಮತ್ತೆ ಒಂದರಿಂದ ಎಣಿಸಬೇಕಾಗುತ್ತದೆ. ಇವತ್ತು ರಾತ್ರಿ ಹೊಟ್ಟೆ ತುಂಬ ಉಣ್ಣು.