ಮೂರು ಪುಟದ ನಡತೆ ಪತ್ರ

ಲಬಕ್, ಟೆಕ್ಸಸ್
ಅಕ್ಟೋಬರ್ 6

ಪ್ರೀತಿಯ ವರ್ನೆಲ್ ಅಕ್ಕ,

ಹೇಗಿದ್ದೀಯ? ಮಂಡಿ ನೋವು ಕಡಿಮೆಯಾಯಿತೇ? ಮದುವೆಯಾಗಿ ಏಳು ವಾರವಾದರೂ ಒಂದು ಸಾಲು ಬರೆಯದ ನನ್ನನ್ನು ಬೈದುಕೊಂಡಿರುತ್ತೀಯ. ಬೈದುಕೋ, ಆದರೆ ಓದು. ಜೈಲಿನಲ್ಲಿ ಹದಿನಾಲ್ಕು ತಿಂಗಳು ನಿನ್ನ ಮೇಲಿನ ಮಂಚದಲ್ಲಿ ಮಲಗಿ ನಿನ್ನ ತಲೆ ತಿಂದವಳು ಈಗ ಶ್ರೀಮತಿ ಮಾರ್ಲಾ ಹಡ್‌ಸ್ಪೆತ್. ದಿನಸಿ ಚೀಟಿಯ ಹಿಂದೆಲ್ಲ ಆ ಹೆಸರು ಬರೆದು ಬರೆದು ನೋಡುತ್ತೇನೆ.

ಡ್ವೇನ್ ಬಗ್ಗೆ ಬರೆಯಲು ಕೂತರೆ ಮುಗಿಯುವುದೇ ಇಲ್ಲ. ಗಾಳಿಯಂತ್ರಗಳ ರಿಪೇರಿಗೆಂದು ಹತ್ತು ದಿನ ಹೋದರೆ ನಾಲ್ಕು ದಿನ ಮನೆಯಲ್ಲಿರುತ್ತಾನೆ. ಆ ನಾಲ್ಕು ದಿನವೂ ಬೆಳಿಗ್ಗೆ ಬನ್ನಿನಂಥ ಮೆತ್ತನೆಯ ಬಿಸಿ ಬಿಸ್ಕೆಟ್ ಮೇಲೆ ಗ್ರೇವಿ ಸುರಿದು ಅವನೇ ಕೊಡುತ್ತಾನೆ. ಗ್ರೇವಿ ಗಂಟುಗಂಟಾಗಿರುತ್ತದೆ, ನಾನು ಎರಡು ಸಲ ಹಾಕಿಸಿಕೊಳ್ಳುತ್ತೇನೆ. ಉಳಿದ ಹತ್ತು ದಿನ ಅವನ ಅಂಗಿ ತೊಟ್ಟುಕೊಂಡು ಟಿ.ವಿ. ಜೊತೆ ಮಾತಾಡುತ್ತಿರುತ್ತೇನೆ.

ಇನ್ನೊಂದು ಸುದ್ದಿ. ಮನೆ ಮಾರಿಸುವ ಏಜೆಂಟರ ಪರೀಕ್ಷೆ ಪಾಸಾದೆ, ಆದರೆ ಲೈಸೆನ್ಸ್ ಬಂದಿಲ್ಲ. ತಪ್ಪು ನನ್ನದೇ. ಅರ್ಜಿಯಲ್ಲಿ ಹಿಂದೆ ಶಿಕ್ಷೆಯಾಗಿದೆಯೇ ಎಂದು ಕೇಳಿದ್ದಲ್ಲಿ 'ಇಲ್ಲ' ಎಂದು ಗುರುತು ಹಾಕಿದೆ. ಏಳು ವರ್ಷ ಕಳೆದರೆ ಯಾರೂ ನೋಡುವುದಿಲ್ಲವೆಂದು ಒಳಗಿದ್ದಾಗ ಎಲ್ಲರೂ ಹೇಳುತ್ತಿದ್ದರಲ್ಲ, ನಾನೂ ನಂಬಿದ್ದೆ. ಬೆರಳಚ್ಚು ಕೊಟ್ಟ ಕೂಡಲೇ ಎಲ್ಲ ಹೊರಗೆ ಬಂತು.

ನನ್ನನ್ನು ಸೇರಿಸಿಕೊಳ್ಳಲು ಒಪ್ಪಿದ್ದ ಬ್ರೋಕರ್ ಪೆಗ್ಗಿ ಮೇಡಂಗೆ ಎಲ್ಲವನ್ನೂ ಹೇಳಿದೆ. "ಮುದುಕಿ ಮನೆ ಗುಡಿಸೋಕೆ ಹೋಗಿ ಉಂಗುರ ಎತ್ಕೊಂಡು ಬಂದೋಳ ಕೈಗೆ ನಾನು ಊರೋರ ಮನೆ ಕೀಲಿ ಕೊಡ್ಬೇಕಾ?" ಎಂದರು. ಆಮೇಲೆ, "ಪರೀಕ್ಷೇಲಿ ನನಗಿಂತ ಜಾಸ್ತಿ ಮಾರ್ಕ್ಸ್ ತಗೊಂಡಿದ್ದೀಯಲ್ಲೇ. ನಡತೆ ಪತ್ರ ಬರೆದುಕೊಡ್ತೀನಿ ಬಿಡು," ಎಂದರು.

ಹತ್ತೊಂಬತ್ತಕ್ಕೆ ಲೈಸೆನ್ಸ್ ಕೊಡುವ ಮಂಡಳಿಯ ಮುಂದೆ ವಿಚಾರಣೆ. ನಡತೆಯ ಬಗ್ಗೆ ಎರಡು ಪತ್ರ ಕೊಡಬೇಕು. ಪತ್ರ ಬರೆದವರು, ನಾನು ಮಾಡಿದ ಕಳ್ಳತನ ತಮಗೆ ಗೊತ್ತಿದೆ ಎಂದು ಅದರಲ್ಲಿ ಸ್ಪಷ್ಟವಾಗಿ ಹೇಳಿರಬೇಕು. "ಇನ್ನೊಂದನ್ನ ಗಂಡನ ಹತ್ರ ಬರೆಸು, ಮನೆಯವರ ಮಾತಿಗೆ ತೂಕ ಜಾಸ್ತಿ," ಎನ್ನುತ್ತಾರೆ ಪೆಗ್ಗಿ ಮೇಡಂ. ನಿನ್ನನ್ನು ಕೇಳೋಣವೆಂದರೆ ನೀನೇ ನಗುತ್ತೀಯ: "ಇಬ್ರೂ ಒಂದೇ ಜೈಲಿನೋರು, ಒಳ್ಳೇ ಸಾಕ್ಷಿ ಹುಡುಕಿದೆ ಕಣೆ."

ಚಳಿ ಶುರುವಾಯಿತು, ಉಣ್ಣೆಯ ಕಾಲುಚೀಲ ಹಾಕಿಕೋ. ದೇವರು ನಿನಗೆ ನೋವಿಲ್ಲದ ನಿದ್ದೆ ಕೊಡಲಿ.

ನಿನ್ನ
ಮಾರ್ಲಾ

ವಿ.ಸೂ.: ನಿನ್ನೆ ಡ್ವೇನ್ ಕೈಯಲ್ಲಿ ಪತ್ರ ಬರೆಸಿದೆ. ಏಜೆಂಟರಾಗುವವರೆಲ್ಲ ಕೊಡಲೇಬೇಕಾದ ಕಾಗದ ಎಂದು ಹೇಳಿದೆ. ಮೂರು ಪುಟ ಬರೆದು ನನಗೆ ಗಟ್ಟಿಯಾಗಿ ಓದಿ ಹೇಳಿದ: 'ನನ್ನ ಹೆಂಡತಿ ಇನ್ನೊಬ್ಬರ ಮನೆಯ ಸೂಜಿಯನ್ನೂ ಮುಟ್ಟುವವಳಲ್ಲ.' "ಸಾಕಾ ಚಿನ್ನ, ಇನ್ನೂ ಸ್ವಲ್ಪ ಹೊಗಳ್ಲಾ?" ಎಂದ. ಮಂಡಳಿ ಕೇಳಿದ ಆ ಒಂದು ಸಾಲು ಅದರಲ್ಲಿಲ್ಲ. ಆ ಹದಿನಾಲ್ಕು ತಿಂಗಳು ನಾನು ಓಕ್ಲಹೋಮಾದಲ್ಲಿ ಕಾಯಿಲೆಯ ಚಿಕ್ಕಮ್ಮನನ್ನು ನೋಡಿಕೊಳ್ಳುತ್ತಿದ್ದೆ ಎಂದೇ ಅವನು ತಿಳಿದಿದ್ದಾನೆ. ನಾಳೆ ಹೋದರೆ ಬರುವುದು ಹದಿನೇಳಕ್ಕೆ. ಈಗ ಪಕ್ಕದ ಕೋಣೆಯಲ್ಲಿ ಬೂಟು ಒರೆಸುತ್ತ ಸಿಳ್ಳೆ ಹಾಕುತ್ತಿದ್ದಾನೆ. ಉತ್ತರವನ್ನು ಪೆಗ್ಗಿ ಮೇಡಂ ಆಫೀಸಿಗೆ ಕಳುಹಿಸು ಅಕ್ಕ, ಮನೆಗೆ ಬೇಡ.