ನನ್ನ ತಂಗಿಯನ್ನು ಕುಟುಂಬದಿಂದ ಅಳಿಸಿದ ಅಧಿಕಾರಿಗಳಿಗೆ

ಆಟಗಳ ಹಂಚಿಕೆಯನ್ನು ರದ್ದುಪಡಿಸಿದ ವಿಭಾಗದ ಮುಖ್ಯಾಧಿಕಾರಿಗಳ ಸನ್ನಿಧಾನಕ್ಕೆ,

ಮಾನ್ಯರೇ,

ಕಳೆದ ತಿಂಗಳು ತಾವು ಒಂದು ಗುಂಡಿ ಒತ್ತಿ ನನ್ನ ತಂಗಿಯನ್ನು ನಮ್ಮ ಕುಟುಂಬದಿಂದ ತೆಗೆದುಹಾಕಿದಿರಿ. ನಾನು ಕೊಂಡ ಆಟಗಳನ್ನು ಅವಳು ತನ್ನ ಮನೆಯ ಗೇಮ್ ಕನ್ಸೋಲಿನಲ್ಲಿ ಆಡುತ್ತಿದ್ದಳು. ಈಗ ಅವಳ ಪರದೆಯಲ್ಲಿ ಪ್ರತಿ ಆಟದ ಚಿತ್ರದ ಮೇಲೂ ಒಂದೊಂದು ಪುಟ್ಟ ಬೀಗ ಕೂತಿದೆ. ತಾವು ಕಳಿಸಿದ ಪ್ರಕಟಣೆಯ ತಲೆಬರಹ ‘ನಿಮ್ಮ ಆಟದ ಅನುಭವವನ್ನು ಇನ್ನಷ್ಟು ಸರಳಗೊಳಿಸಿದ್ದೇವೆ’ ಎಂದಿತ್ತು. ಒಪ್ಪಿದೆ. ಮೊದಲು ಆಡಬಹುದಿತ್ತು, ಈಗ ಆಡುವಂತಿಲ್ಲ. ಇದಕ್ಕಿಂತ ಸರಳವಾದದ್ದು ಭೂಲೋಕದಲ್ಲಿ ಇನ್ನೇನಿದೆ?

ತಮ್ಮ ಅಂಗಡಿಯಲ್ಲಿ ಆಟದ ಪಕ್ಕ ‘ಕೊಂಡುಕೊಳ್ಳಿ’ ಎಂಬ ದೊಡ್ಡ ಹಸಿರು ಗುಂಡಿ ಇದೆ. ಅದರ ಕೆಳಗೆ, ಇರುವೆ ಕನ್ನಡಕ ಹಾಕಿಕೊಂಡು ಓದಬೇಕಾದಷ್ಟು ಸಣ್ಣ ಅಕ್ಷರದಲ್ಲಿ, ‘ಇದು ಮಾರಾಟವಲ್ಲ, ಆಡಲು ಕೊಟ್ಟ ಅನುಮತಿ ಮಾತ್ರ’ ಎಂದೂ ಇದೆ. ನನ್ನಂಥ ಪಾಮರ ಗುಂಡಿಯನ್ನು ನಂಬಿದ. ನಮ್ಮದು ಸೋಫಾಗಳಿಗೆ ಹೊಸ ಬಟ್ಟೆ, ಹೊಸ ಫೋಮ್ ಹಾಕಿಕೊಡುವ ಅಂಗಡಿ. ನಾವೂ ತಮ್ಮ ನೀತಿಯನ್ನೇ ಪಾಲಿಸಿದರೆ ಹೇಗಿರುತ್ತದೆಂದು ಒಂದು ಮಧ್ಯಾಹ್ನ ಯೋಚಿಸಿದೆ. ಸೋಫಾ ಕೊಂಡ ಯಜಮಾನರು ಮಾತ್ರ ಕೂರಬೇಕು. ಅವರ ಹೆಂಡತಿ ಕೂರಲು ಬೇರೆ ಸೋಫಾ. ಅತ್ತೆ ಬಂದು ಕೂತರೆ ಒಳಗಿನ ಸ್ಪ್ರಿಂಗ್ ತಾನಾಗಿ ಎದ್ದು ಚುಚ್ಚಬೇಕು. ಈ ಯೋಜನೆಯನ್ನು ಒಬ್ಬ ಗಿರಾಕಿಗೆ ಗಂಭೀರವಾಗಿ ವಿವರಿಸಿದೆ. ಕೊನೆಯ ಅಂಶಕ್ಕೆ ಮಾತ್ರ ಎಷ್ಟಾಗುತ್ತದೆ ಎಂದು ಅವರು ವಿಚಾರಿಸಿದರು. ಆದರೆ ಅಪ್ಪ ಕತ್ತರಿ ಕೆಳಗಿಟ್ಟು ನನ್ನನ್ನು ನೋಡಿದ್ದರಿಂದ ಮಾತು ಅಲ್ಲಿಗೇ ನಿಂತಿತು.

ಆ ಅಂಗಡಿ ಮೊದಲು ಎರಡಾಗಿರಲಿಲ್ಲ. ಅಪ್ಪ ಮತ್ತು ಚಿಕ್ಕಪ್ಪ ಒಂದೇ ಮೇಜಿನ ಎರಡು ಬದಿಗೆ ನಿಂತು ಬಟ್ಟೆ ಕತ್ತರಿಸುತ್ತಿದ್ದರು. ಮೇಲಿನ ಮಹಡಿಯಲ್ಲಿ ಎಲ್ಲರ ವಾಸ. ಒಂದು ದಿನ ಭಾರಿ ಬೆಲೆಯ ಮಖಮಲ್ಲು ಬಂತು. ಮಖಮಲ್ಲಿನ ನವಿರು ಒಂದು ದಿಕ್ಕಿಗೆ ಮಲಗಿರುತ್ತದೆ. ತುಂಡನ್ನು ತಲೆಕೆಳಗಾಗಿ ಕತ್ತರಿಸಿದರೆ ಬಟ್ಟೆ ಅದೇ ಆದರೂ ಬಣ್ಣ ಬೇರೆಯಂತೆ ಕಾಣುತ್ತದೆ. ಸೋಫಾ ಸಿದ್ಧವಾಗಿ ಬಿಸಿಲಿಗೆ ಬಂದಾಗ ಅದರ ಬಲಗೈ ಕಡುಗೆಂಪು, ಎಡಗೈ ಮಾಸಿದ ಗುಲಾಬಿ. ‘ಗುರುತು ಹಾಕಿದ್ದು ನೀನು’ ಎಂದರು ಅಪ್ಪ. ‘ಕತ್ತರಿ ಆಡಿಸಿದ್ದು ನೀನು’ ಎಂದರು ಚಿಕ್ಕಪ್ಪ. ಗಿರಾಕಿ ಬೈದು ಹೋದ ಮೇಲೂ ಇವರು ನಿಲ್ಲಿಸಲಿಲ್ಲ. ಒಂದು ಬಟ್ಟೆಯ ತುಂಡಿನಿಂದ ಶುರುವಾದದ್ದು ಅಜ್ಜನ ಕಾಲದ ಲೆಕ್ಕದವರೆಗೆ ಹೋಯಿತು. ಕೊನೆಗೆ ಅಂಗಡಿ ಪಾಲಾಯಿತು, ಮನೆ ಪಾಲಾಯಿತು. ಚಿಕ್ಕಪ್ಪ ಊರಿನ ಆ ತುದಿಗೆ ಹೋದರು. ‘ಆ ಮನೆಯ ನೆರಳೂ ಬೇಡ’ ಎಂದು ಎರಡೂ ಮನೆಯಲ್ಲಿ ಆಜ್ಞೆಯಾಯಿತು.

ಪಾಲಾಗದೆ ಉಳಿದದ್ದು ಒಂದೇ, ಮಾನ್ಯರೇ: ನನ್ನ ಆಟಗಳ ಸಂಗ್ರಹ. ಹಿರಿಯರಿಗೆ ಅದು ಕಾಣಲಿಲ್ಲ, ಕಂಡಿದ್ದರೆ ಅದಕ್ಕೂ ಕತ್ತರಿ ಬೀಳುತ್ತಿತ್ತು.

ಚಿಕ್ಕಪ್ಪನ ಮಗಳಿಗೆ ಮನೆಯಲ್ಲಿ ಜಡ್ಜಮ್ಮ ಎಂದು ಹೆಸರು. ಆಟದಲ್ಲಿ ಯಾರು ಮೋಸ ಮಾಡಿದರು ಎಂದು ತೀರ್ಪು ಕೊಡುವುದು ಅವಳ ಹುಟ್ಟುಗುಣ, ಅಪರಾಧಿ ಯಾವಾಗಲೂ ನಾನೇ. ಇನ್ನೂ ಪ್ರಾಥಮಿಕ ಶಾಲೆ. ಸ್ವಂತ ಫೋನಿಲ್ಲ. ಕನ್ಸೋಲಿನಲ್ಲಿ ಸಂದೇಶ ಕಳಿಸೋಣವೆಂದರೆ ಮಕ್ಕಳ ಖಾತೆಗೆ ತಾವು ಸಂದೇಶವನ್ನೇ ಮುಚ್ಚಿದ್ದೀರಿ, ಅವಳ ಸುರಕ್ಷತೆಗಾಗಿ. ಆದರೆ ತಾವು ‘ಕುಟುಂಬ’ ಎಂದು ಕರೆಯುವ ಹಂಚಿಕೆಯ ಪಟ್ಟಿಯಲ್ಲಿ ಸದಸ್ಯರು ತಮ್ಮ ಹೆಸರನ್ನು ಬದಲಿಸಿಕೊಳ್ಳಬಹುದಿತ್ತು. ಅವಳು ಬದಲಿಸಿಕೊಂಡಳು. ಒಂದು ಸಂಜೆ ನನ್ನ ಕುಟುಂಬದ ಸದಸ್ಯೆಯ ಹೆಸರು ‘ಹಲ್ಲು ಬಿತ್ತು’. ಮರುವಾರ ‘ಗಣಿತ ಢಮಾರ್’. ನಾನು ‘ಅದು ಗೊತ್ತಿದ್ದದ್ದೇ’ ಎಂದು ಹೆಸರಿಟ್ಟುಕೊಂಡೆ. ಆಮೇಲೊಮ್ಮೆ ‘ಅಪ್ಪ ಒಬ್ರೇ ಕೂರ್ತಾರೆ’ ಎಂದು ಬಂತು.

ಅಷ್ಟರಲ್ಲಿ ತಮ್ಮ ಮೊದಲ ನಿಯಮ ಇಳಿಯಿತು. ಹಂಚಿಕೆ ಒಂದೇ ಸೂರಿನಡಿ ಇರುವವರಿಗೆ ಮಾತ್ರ. ತಿಂಗಳಿಗೊಮ್ಮೆ ಎಲ್ಲ ಕನ್ಸೋಲುಗಳೂ ಒಂದೇ ಮನೆಯ ಇಂಟರ್‌ನೆಟ್‌ಗೆ ಸೇರಿ ಹಾಜರಿ ಹಾಕಬೇಕು. ಸಹಾಯವಾಣಿಗೆ ಫೋನ್ ಮಾಡಿದೆ.

“ಅವರು ನಿಮಗೆ ಏನಾಗ್ಬೇಕು ಸರ್?”

“ತಂಗಿ.”

“ಸ್ವಂತ ತಂಗಿನಾ ಸರ್?”

“ಚಿಕ್ಕಪ್ಪನ ಮಗಳು.”

“ಹಾಗಾದ್ರೆ ಕಸಿನ್ ಸರ್. ನಮ್ಮ ಪಟ್ಟೀಲಿ ಕಸಿನ್ ಬರಲ್ಲ.”

“ನಿಮ್ಮ ಮನೇಲಿ ಚಿಕ್ಕಪ್ಪನ ಮಗಳನ್ನ ಏನಂತ ಕರೀತೀರಿ?”

“ತಂಗಿ ಅಂತಾನೇ ಸರ್. ಆದ್ರೆ ಸಿಸ್ಟಮ್ ಒಪ್ಪಲ್ಲ.”

ಸಿಸ್ಟಮ್ಮಿಗೆ ಚಿಕ್ಕಪ್ಪ ಇದ್ದಂತಿಲ್ಲ. ಆದ್ದರಿಂದ ನಾನು ಕಾನೂನು ಪಾಲಿಸಲು ಅಡ್ಡದಾರಿ ಹಿಡಿದೆ. ಹೊಟ್ಟೆ ಟೊಳ್ಳಾದ ಒಂದು ಸ್ಟೂಲ್ ಮಾಡಿದೆ, ಒಳಗೆ ಒಂದು ಕನ್ಸೋಲ್ ಹಿಡಿಸುವಷ್ಟು. ಎರಡೂ ಅಂಗಡಿಗೆ ಫೋಮ್ ತರುವ ವ್ಯಾನಿನ ಡ್ರೈವರಣ್ಣನ ಕಾಲು ಹಿಡಿದೆ. “ನಾನು ಫೋಮ್ ಸಾಗಿಸೋನು ಕಣಪ್ಪ, ಕಳ್ಳಸಾಗಣೆ ಮಾಡೋನಲ್ಲ” ಎಂದು ಗೊಣಗಿ ಒಪ್ಪಿಕೊಂಡರು. ಪಟ್ಟಿಯಲ್ಲಿ ‘ಸ್ಟೂಲಿನ ಹೊಟ್ಟೆ ನೋಡು’ ಎಂದು ಹೆಸರಿಟ್ಟುಕೊಂಡೆ. ಶಾಲೆ ಬಿಟ್ಟ ಮೇಲೆ ತನ್ನಪ್ಪನ ಅಂಗಡಿಯಲ್ಲಿ ಕೂರುವ ಜಡ್ಜಮ್ಮ ಕನ್ಸೋಲನ್ನು ಅದರ ಹೊಟ್ಟೆಗೆ ಹಾಕಿ ಕಳಿಸಿದಳು. ನಮ್ಮ ಮನೆಯಲ್ಲಿ ಅದು ಹಾಜರಿ ಹಾಕಿತು. ತಮ್ಮ ಯಂತ್ರ ನಮ್ಮನ್ನು ಒಂದೇ ಕುಟುಂಬವೆಂದು ಘೋಷಿಸಿತು. ಎರಡೂ ಕಡೆಯ ನೆಂಟರು ಕೈಚೆಲ್ಲಿದ್ದ ಕೆಲಸ ಅದು.

ಎರಡನೇ ಸಲ ಸ್ಟೂಲನ್ನು ಎತ್ತಿಕೊಂಡವರು ಅಪ್ಪ.

“ಇದ್ಯಾಕೋ ಇಷ್ಟು ಭಾರ?” ತಿರುಗಿಸಿ ತಳದ ಬಟ್ಟೆ ಬಿಚ್ಚಿದರು. ಒಳಗೆ ಹುಡುಗಿಯ ಸ್ಟಿಕ್ಕರುಗಳಿಂದ ತುಂಬಿದ ಕನ್ಸೋಲ್.

“ಅವನ ಮಗಳದ್ದಲ್ವಾ?”

“ಹೂಂ.”

“ಈ ಹೊಲಿಗೆ ಯಾರದ್ದು?”

“ನಂದೇ.”

“ಥೂ, ಮಾನ ಕಳೆದ್ಯಲ್ಲೋ! ಇದನ್ನ ಆ ಅಂಗಡಿಗೆ ಕಳಿಸಿದ್ಯಾ? ಅಣ್ಣನ ಕೈ ಕೆಟ್ಟಿದೆ ಅಂತ ಅಂದ್ಕೊಂಡಿರ್ತಾನೆ ಅವನು.”

ಅಂದು ಅಪ್ಪ ಗಿರಾಕಿಗಳ ಕೆಲಸ ಬದಿಗಿಟ್ಟು ಆ ಸ್ಟೂಲನ್ನು ಮತ್ತೆ ಹೊಲಿದರು. ಮುಂದಿನ ತಿಂಗಳು ಅದು ಬಂದಾಗ ಒಂದು ಮೂಲೆಯನ್ನು ಬಿಚ್ಚಿ ಬೇರೆ ಕೈ ಹೊಲಿದಿತ್ತು. ತಳದಲ್ಲಿ ಸೀಮೆಸುಣ್ಣದ ಅಕ್ಷರ: ‘ಮೂಲೆ ಸಡಿಲ’. “ನನಗೇ ಪಾಠ ಹೇಳ್ತಾನಾ?” ಎಂದು ಅಪ್ಪ ಕೆರಳಿದರು, ಆದರೆ ಆ ಸಂಜೆಯೆಲ್ಲ ಸಿಳ್ಳೆ ಹಾಕುತ್ತಲೇ ಇದ್ದರು. ‘ಫೋಮ್ ಕಳಪೆ’ ಎಂದು ಬರೆದು ಕಳಿಸಿದರು. ಮರಳಿ ಬಂದಾಗ ಫೋಮ್ ಬದಲಾಗಿತ್ತು. ಹೀಗೆ ಇಬ್ಬರು ನರೆಗೂದಲಿನ ಗಂಡಸರು ಒಂದು ಸ್ಟೂಲಿನ ತಳದಲ್ಲಿ ಜಗಳ ಮುಂದುವರಿಸಿದರು. ಜಗಳವೇ, ಮಾನ್ಯರೇ. ಆದರೆ ಜಗಳ ಆಡಲೂ ಮಾತು ಬೇಕಲ್ಲವೇ?

ಕೊನೆಯ ಸಲ ಬಂದ ಸ್ಟೂಲಿಗೆ ಚಿಕ್ಕಪ್ಪ ಮಖಮಲ್ಲು ಹೊದಿಸಿದ್ದರು. ಒಂದೇ ಬಟ್ಟೆ, ಅರ್ಧ ನೇರ, ಅರ್ಧ ಬೇಕೆಂದೇ ತಲೆಕೆಳಗು. ಅರ್ಧ ಕಡುಗೆಂಪು, ಅರ್ಧ ಮಾಸಿದ ಗುಲಾಬಿ. ಅಪ್ಪ ಅಂಗೈಯನ್ನು ಒಂದು ಸಲ ಮೇಲಕ್ಕೆ, ಒಂದು ಸಲ ಕೆಳಕ್ಕೆ ಸವರಿದರು. ಆಮೇಲೆ ನಗಲು ಶುರುಮಾಡಿ, ನಿಲ್ಲಲಾರದೆ ಅದರ ಮೇಲೇ ಕೂತರು. ನನ್ನ ಕುಚೇಷ್ಟೆ ಯಾರ ಕಡೆಯಿಂದ ಬಂದ ಆಸ್ತಿ ಎಂದು ನನಗೆ ಅಂದು ತಿಳಿಯಿತು. ವ್ಯಾನ್ ಹೊರಡುವಾಗ ಅಪ್ಪ ಕಣ್ಣೊರೆಸಿಕೊಳ್ಳುತ್ತ ಹೇಳಿದರು: “ಮುಂದಿನ ತಿಂಗಳು ಡ್ರೈವರ್ ಬೇಡ. ಹುಡುಗಿ ಆಟದ ಪೆಟ್ಟಿಗೆ ತರೋಕೆ ನಾನೇ ಹೋಗ್ತೀನಿ.” ಅದೇ ಬಣ್ಣದ ಮಖಮಲ್ಲಿನ ಒಂದು ತುಂಡನ್ನು ಹುಡುಕಿ ತೆಗೆದಿಟ್ಟರು, ಸರಿಯಾಗಿ ಹೊದಿಸುವುದು ಹೇಗೆಂದು ತಮ್ಮನಿಗೆ ತೋರಿಸಲು.

ಆ ಮುಂದಿನ ತಿಂಗಳು ಬರುವ ಮೊದಲೇ ತಮ್ಮ ಪ್ರಕಟಣೆ ಬಂತು. ಒಂದೇ ಸೂರು, ಹತ್ತು ಸೂರು, ಯಾರಿಗೂ ಇನ್ನು ಹಂಚಿಕೆ ಇಲ್ಲ. ಸದಸ್ಯರ ಪಟ್ಟಿ ಅಳಿಸಲಾಗಿದೆ.

ತಮ್ಮ ವಾದ ನನಗೆ ಗೊತ್ತು. ಕೆಲವರು ತಮ್ಮ ಖಾತೆಯನ್ನು ಅಪರಿಚಿತರಿಗೆ ಬಾಡಿಗೆಗೆ ಕೊಟ್ಟರು, ಆಟ ತಯಾರಿಸಿದವರಿಗೆ ನಷ್ಟವಾಯಿತು ಎನ್ನುತ್ತೀರಿ. ಆಗಿರಬಹುದು. ಅವರನ್ನು ಹಿಡಿಯಿರಿ, ನಾನೇ ಬಂದು ಕೈಕಾಲು ಕಟ್ಟಿಕೊಡುತ್ತೇನೆ, ನಮ್ಮಲ್ಲಿ ಗಟ್ಟಿ ದಾರ ಬೇಕಾದಷ್ಟಿದೆ. ಆದರೆ ಇಲಿ ಬಂತೆಂದು ಮನೆಗೆ ಬೆಂಕಿ ಇಡುವವರನ್ನು ಸರಳಗೊಳಿಸುವವರು ಎಂದು ಯಾರೂ ಕರೆಯುವುದಿಲ್ಲ. ತಿಂಗಳಿಗೊಮ್ಮೆ ಹಾಜರಿ ಹಾಕಿ ಎಂದಿರಿ, ಹಾಕಿದೆವು. ಇನ್ನೇನು ತಪ್ಪು ಮಾಡಿದೆವು? ಒಬ್ಬಳು ಪುಟ್ಟ ಹುಡುಗಿ ಅಣ್ಣನ ಆಟ ಆಡಿದಳು. ಇದು ಲೂಟಿಯಾದರೆ, ಅಣ್ಣನ ಹಳೆಯ ಸೈಕಲ್ ಹತ್ತಿದ ತಂಗಿಯರನ್ನೆಲ್ಲ ಯಾವ ಜೈಲಿಗೆ ತುಂಬುತ್ತೀರಿ? ಅದೇ ಆಟಗಳನ್ನು ಅವಳು ತಮ್ಮಿಂದ ಎರಡನೇ ಸಲ ಕೊಳ್ಳುತ್ತಾಳೆಂಬ ಆಸೆಯಿದ್ದರೆ ತಿಳಿಸುತ್ತೇನೆ: ಅವಳ ಹತ್ತಿರ ಇರುವುದು ಸ್ಟಿಕ್ಕರ್ ಮಾತ್ರ.

ಇಷ್ಟಾದ ಮೇಲೆ ಸಹೋದರರು ಸುಮ್ಮನೆ ಹೋಗಿ ಮಾತಾಡಬಾರದೇ ಎಂದು ತಾವು ಕೇಳಬಹುದು. ತಾವು ಎಂದಾದರೂ ಒಡಹುಟ್ಟಿದವರೊಡನೆ ಮಾತು ಬಿಟ್ಟಿದ್ದೀರಾ? ಬಿಟ್ಟಿದ್ದರೆ ಈ ಪ್ರಶ್ನೆ ಬರುತ್ತಿರಲಿಲ್ಲ. ಮುನಿಸಿಕೊಂಡ ಮನುಷ್ಯ ಪ್ರೀತಿಯ ಹೆಸರು ಹೇಳಿಕೊಂಡು ಬಾಗಿಲು ತಟ್ಟಲಾರ. ‘ಕಂಪನಿಯವರ ನಿಯಮ, ಏನು ಮಾಡೋದು, ಬರಲೇಬೇಕಾಯ್ತು’ ಎಂದು ಬೈದುಕೊಂಡು ತಟ್ಟಬಲ್ಲ. ಅಂಥದೊಂದು ನೆಪವನ್ನು ತಾವು ತಿಳಿಯದೆ ಕೊಟ್ಟಿರಿ, ತಿಳಿಯದೆ ಕಿತ್ತುಕೊಂಡಿರಿ.

ಪ್ರಕಟಣೆಯನ್ನು ಅಪ್ಪನಿಗೆ ಓದಿ ಹೇಳಿದೆ. ಬಟ್ಟೆಯ ಮೇಲೆ ಗೆರೆ ಎಳೆಯುತ್ತಿದ್ದವರು ತಲೆ ಎತ್ತಲಿಲ್ಲ. “ಹಾಗಾದ್ರೆ ಹೋಗೋ ಕೆಲಸ ಇಲ್ಲ ಅನ್ನು” ಎಂದರು. ಗೆರೆ ಮುಗಿಸಿ, ಮೇಜಿನ ಇನ್ನೊಂದು ತುದಿಗೆ ಹೋಗಿ, ಬೆನ್ನು ತಿರುಗಿಸಿಕೊಂಡೇ ಕೇಳಿದರು: “ಬೇರೆ ಏನಾದ್ರೂ ನಿಯಮ ಗಿಯಮ ಇದೆಯೇನೋ ನೋಡು.”

ನೋಡಿದೆ ಮಾನ್ಯರೇ. ತಮ್ಮ ಷರತ್ತುಗಳನ್ನೆಲ್ಲ, ಇರುವೆ ಅಕ್ಷರದವನ್ನೂ ಸೇರಿಸಿ, ಓದಿದೆ. ನಮ್ಮ ಎರಡು ಮನೆಗಳನ್ನು ಒಂದು ಕಡೆ ಸೇರಿಸುವಂಥದ್ದು ಒಂದೂ ಇಲ್ಲ.

ಆದ್ದರಿಂದ ನನ್ನ ಬೇಡಿಕೆ. ಹಂಚಿಕೆಯನ್ನು ಮತ್ತೆ ಆರಂಭಿಸಿ, ನಾನು ಕೊಂಡದ್ದನ್ನು ನನ್ನ ತಂಗಿ ಆಡಲಿ. ಅದು ತಮ್ಮಿಂದ ಸಾಧ್ಯವೇ ಇಲ್ಲವೆಂದಾದರೆ ಹಾಜರಿಯ ನಿಯಮವನ್ನಾದರೂ ವಾಪಸ್ ಕೊಡಿ. ಆಟ ಬೇಡ, ಬೀಗ ಹಾಗೇ ಇರಲಿ. ತಿಂಗಳಿಗೊಮ್ಮೆ ಆ ಕನ್ಸೋಲನ್ನು ನಮ್ಮ ಮನೆಗೆ ತರತಕ್ಕದ್ದು, ತಪ್ಪಿದರೆ ಕಠಿಣ ಕ್ರಮ ಜರುಗಿಸಲಾಗುವುದು ಎಂದು ಎರಡು ಸಾಲು ಬರೆದು, ಮುದ್ರೆ ಒತ್ತಿ, ಅಪ್ಪನ ವಿಳಾಸಕ್ಕೆ ಕಳಿಸಿ. ಸಾಧ್ಯವಾದಷ್ಟು ಒರಟಾಗಿ ಬರೆಯಿರಿ. ಅವರು ತಮ್ಮ ಕಂಪನಿಯನ್ನು ಬಾಯ್ತುಂಬ ಬೈಯುತ್ತ ಆ ಮಖಮಲ್ಲಿನ ತುಂಡನ್ನು ಕಂಕುಳಲ್ಲಿ ಇಟ್ಟುಕೊಂಡು ಹೊರಡುತ್ತಾರೆ.

ಇಂತಿ,
ತಮ್ಮ ದಾಖಲೆಯ ಪ್ರಕಾರ
ಒಬ್ಬನೇ ಸದಸ್ಯನಿರುವ ತುಂಬು ಕುಟುಂಬದ ಯಜಮಾನ