ನಿದಾ ಬರೆದದ್ದು ಹಾಗೆಯೇ ಇರಲಿ

ರಿಯಾದ್, ಶನಿವಾರ

ಶಮೀಮಾ ಟೀಚರಿಗೆ ನಿದಾಳ ಅಜ್ಜಿಯ ಸಲಾಂ.

ನೀವು ಉಡುಪಿಯವರೆಂದು ಕನ್ನಡದಲ್ಲೇ ಬರೆಯುತ್ತಿದ್ದೇನೆ. ಇಂಕಾ ಜನರ ನಿಧಿಯ ಸಿನಿಮಾ ನೋಡಿದ ನಿದಾ, ದಾರಿ ತೋರಿಸಿದ ಇಂಕಾ ಹುಡುಗಿಯನ್ನೇ ಶತ್ರುಗಳ ಕೈಗೆ ಬಿಟ್ಟು ಚಿನ್ನದೊಂದಿಗೆ ಓಡಿದ ಹೀರೋನನ್ನು ಪ್ರಬಂಧದಲ್ಲಿ ಕಳ್ಳನೆಂದಳು. ಅದನ್ನು ಬದಲಿಸದಿದ್ದರೆ ಶಾಲೆಯ ವಾರ್ಷಿಕ ಸಂಚಿಕೆಗೆ ಪ್ರಬಂಧ ತೆಗೆದುಕೊಳ್ಳುವುದಿಲ್ಲ ಎಂದಿರಂತೆ. ಅವಳು ಬದಲಿಸುವುದಿಲ್ಲ. ಬದಲಿಸೆಂದು ನಾನೂ ಹೇಳುವುದಿಲ್ಲ.

ಹೀರೋ ಪಾರಾದಾಗ ಥಿಯೇಟರಿನಲ್ಲಿ ನಾನೂ ಚಪ್ಪಾಳೆ ತಟ್ಟಿದ್ದೆ. "ಅಜ್ಜಿ, ಚಪ್ಪಾಳೆ ಎಂತಕ್ಕೆ? ಆ ಚಿನ್ನ ಅವನದ್ದಾ?" ಎಂದು ನಿದಾ ಅಕ್ಕಪಕ್ಕದವರಿಗೂ ಕೇಳುವಂತೆ ಕೇಳಿದಳು. ಅರವತ್ತೆಂಟು ವರ್ಷದಲ್ಲಿ ನನ್ನನ್ನು ಯಾರೂ ಹಾಗೆ ತಿದ್ದಿರಲಿಲ್ಲ. ನಾನು ಕೈ ಕೆಳಗಿಳಿಸಿದೆ.

ಪ್ರಬಂಧವನ್ನು ಇದ್ದ ಹಾಗೆಯೇ ಅಚ್ಚು ಹಾಕಿಸಿ. ಆ ಮಾತಿಗೆ ದೊಡ್ಡವರೊಬ್ಬರ ಹೊಣೆ ಬೇಕೆಂದಾದರೆ, ಅವಳ ಹೆಸರಿನ ಕೆಳಗೆ ನನ್ನ ಹೆಸರನ್ನೂ ಹಾಕಿ.

ಶಂಸುನ್ನಿಸಾ